ಪಕ್ಕದ ಮನೆಯವರ ಸಹಿ ಬೇಡ, ಅವರಿಗೊಂದು ನೋಟಿಸ್ ಬೇಕು

ಯಾದಗಿರಿ ಜಿಲ್ಲೆಯ ಕೊಡೇಕಲ್ಲಿನಿಂದ ಹಿಡಿದು ಹುಣಸಗಿ, ಸುರಪುರ, ಶಹಾಪುರದವರೆಗೆ ಹಳೆಯ ಓಣಿಗಳ ರೂಪ ಬದಲಾಗುತ್ತಿದೆ. ಮಣ್ಣಿನ ಮಾಳಿಗೆ ಇಳಿಸಿ ಸ್ಲ್ಯಾಬ್ ಹಾಕುತ್ತಾರೆ, ಅದರ ಮೇಲೊಂದು ಖೋಲಿ ಏರಿಸುತ್ತಾರೆ, ಹೊರಗಿನಿಂದ ಪಾವಟಿಗೆ ಕಟ್ಟುತ್ತಾರೆ, ಅಂಗಳದ ಮೂಲೆಗೆ ಶೌಚಾಲಯ ಬರುತ್ತದೆ, ಓಣಿಯ ಕಡೆಗೆ ಎರಡಡಿ ಸಜ್ಜಾ ಚಾಚುತ್ತದೆ. ಬೆಂಗಳೂರು, ಪುಣೆ, ಮುಂಬೈಗಳಲ್ಲಿ ಬೇರೆಯವರ ಕಟ್ಟಡಕ್ಕೆ ಸಿಮೆಂಟ್ ಕಲಸಿ ಗಳಿಸಿದ ದುಡ್ಡು ಊರಿಗೆ ಬಂದು ಸ್ವಂತದ ಗೋಡೆಯಾಗುವುದು ಹೀಗೆ. ಹಿಗ್ಗಬೇಕಾದ ಸಂಗತಿಯೇ. ಆದರೆ ಇಂಥ ಪ್ರತಿ ಕೆಲಸಕ್ಕೂ ಒಂದು ಬಾಜು ಮನೆ ಇರುತ್ತದೆ. ಪಾಯ ಅಗೆದ ದಿನ, ಇಲ್ಲವೇ ನಡುಗೋಡೆಗೆ ತೂತು ಕೊರೆದ ದಿನ ಅಲ್ಲಿಂದ ತಕರಾರು ಏಳುತ್ತದೆ. ಬಾಯಿಮಾತಿಗೆ ಬಗ್ಗದಿದ್ದರೆ ಪಂಚಾಯಿತಿಗೆ ತಕರಾರು ಅರ್ಜಿ, ಅಲ್ಲಿ ಆಗದಿದ್ದರೆ ಪೊಲೀಸ್ ಠಾಣೆ, ಅದೂ ಆಗದಿದ್ದರೆ ಕೋರ್ಟಿನಲ್ಲಿ ತಡೆಯಾಜ್ಞೆ. ಇದನ್ನು ಊರ ಜನರ ಹೊಟ್ಟೆಕಿಚ್ಚು, ಅಕ್ಕಪಕ್ಕದವರ ಹಳೇ ಹಗೆ ಎಂದು ತಳ್ಳಿಹಾಕುವವರು ಬಹಳ. ಹಗೆ ಇಲ್ಲವೆನ್ನಲಾಗದು. ಆದರೆ ಈ ಜಗಳಗಳ ದೊಡ್ಡ ಪಾಲು ಹುಟ್ಟುವುದು ಮನೆ ಕಟ್ಟುವ ಪರವಾನಿಗೆ ಕೊಡುವ ನಮ್ಮ ಕ್ರಮದಲ್ಲೇ ಎಂಬುದು ನನ್ನ ವಾದ. ಆ ಕ್ರಮದಲ್ಲಿ ಅರ್ಜಿದಾರನಿದ್ದಾನೆ, ಪಂಚಾಯಿತಿ ಇದೆ. ಕೆಲಸದ ಧೂಳು, ನೀರು, ನೆರಳು ಯಾರ ಮೇಲೆ ಬೀಳುತ್ತದೋ ಅವರು ಇಲ್ಲ.

1993ರ ಪಂಚಾಯತ್ ರಾಜ್ ಕಾಯ್ದೆ (ಈಗ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಕಾಯ್ದೆ) ತನ್ನ 64ನೇ ಪ್ರಕರಣದಲ್ಲಿ ಹೇಳುವುದು ನೇರವಾಗಿದೆ. ಹೊಸದಾಗಿ ಕಟ್ಟುವುದಿರಲಿ, ಇದ್ದ ಮನೆಗೆ ಸೇರಿಸುವುದಿರಲಿ, ಕೆಡವಿ ಮತ್ತೆ ಎಬ್ಬಿಸುವುದಿರಲಿ, ಗ್ರಾಮ ಪಂಚಾಯಿತಿಯ ಲಿಖಿತ ಪರವಾನಿಗೆ ಬೇಕು. ಅರ್ಜಿ ಕೊಟ್ಟು 60 ದಿನವಾದರೂ ಪಂಚಾಯಿತಿ ಹೌದು ಅಲ್ಲ ಎಂದು ತಿಳಿಸದಿದ್ದರೆ ಪರವಾನಿಗೆ ಸಿಕ್ಕಂತೆಯೇ ಲೆಕ್ಕ. ಪರವಾನಿಗೆ ಇಲ್ಲದೆ, ಅಥವಾ ಅದರ ಷರತ್ತು ಮೀರಿ ಕಟ್ಟಿದರೆ ಕೆಲಸ ನಿಲ್ಲಿಸು ಎನ್ನಲು, ಬದಲಿಸು ಇಲ್ಲವೇ ಕೆಡವು ಎಂದು ನೋಟಿಸ್ ಕೊಡಲು ಪಂಚಾಯಿತಿಗೆ ಅಧಿಕಾರವಿದೆ. ಈ 60 ದಿನದ ನಿಯಮ ಬಡ ಅರ್ಜಿದಾರನನ್ನು ಕಚೇರಿಯ ಆಲಸ್ಯದಿಂದ ಕಾಪಾಡಲು ಬಂದದ್ದು, ಅದು ಇರಲೇಬೇಕು. ಆದರೆ ಅದರ ಇನ್ನೊಂದು ಮುಖ ನೋಡಿ. ಪಿಡಿಒ ಮೇಜಿನ ಮೇಲೆ ಅರ್ಜಿ ಎರಡು ತಿಂಗಳು ಸುಮ್ಮನೆ ಕೂತರೆ ಸಾಕು, ಯಾರೂ ಓದದ, ಯಾರೂ ಜಾಗಕ್ಕೆ ಹೋಗಿ ನೋಡದ ನಕ್ಷೆಯೊಂದಕ್ಕೆ ಕಾನೂನಿನ ಬಲ ಬಂದುಬಿಡುತ್ತದೆ. ಆ ಎರಡು ತಿಂಗಳಲ್ಲಿ ಬಾಜು ಮನೆಯವರಿಗೆ ಅರ್ಜಿ ಬಂದಿದೆ ಎಂಬ ಸುದ್ದಿಯೂ ಇರುವುದಿಲ್ಲ. ಅವರಿಗೆ ಮೊದಲು ಗೊತ್ತಾಗುವುದು ಉಸುಕಿನ ಟ್ರ್ಯಾಕ್ಟರ್ ಬಂದು ನಿಂತಾಗ.

ನೆರೆಯವರಿಗೆ ಇದರಲ್ಲಿ ಏನು ಹಕ್ಕು ಎಂದು ಕೇಳುವವರಿಗೆ ನಮ್ಮ ರಾಜ್ಯದ್ದೇ ಒಂದು ಪ್ರಕರಣ ಉತ್ತರವಾಗಿದೆ. ಉಡುಪಿಯ ವಸತಿ ಪ್ರದೇಶದಲ್ಲಿ ಕಲ್ಯಾಣ ಮಂಟಪ ಮತ್ತು ಉಪನ್ಯಾಸದ ಸಭಾಂಗಣಕ್ಕೆಂದು ಪುರಸಭೆಯಿಂದ ಪರವಾನಿಗೆ ಪಡೆದ ಕಟ್ಟಡವನ್ನು ಆಮೇಲೆ ಸಿನಿಮಾ ಮಂದಿರವಾಗಿಸಲು ಅದೇ ಪುರಸಭೆ ಒಪ್ಪಿತು. ಅಲ್ಲಿನ ನಿವಾಸಿಯೊಬ್ಬರು ಕೋರ್ಟಿಗೆ ಹೋದರು. ಇದು ನಿಯಮಕ್ಕೆ ವಿರುದ್ಧ ಎಂದು ಒಪ್ಪಿದ ಹೈಕೋರ್ಟ್ ಕೂಡ, ಕಟ್ಟಿದವರು ಆಗಲೇ ಬಹಳ ಹಣ ಹಾಕಿದ್ದಾರೆಂದು ಪರಿಹಾರ ಕೊಡಲಿಲ್ಲ. 1974ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಬದಿಗೆ ಸರಿಸಿತು. ವಸತಿ ಪ್ರದೇಶದಲ್ಲಿ ನಿಯಮ ಮೀರಿದ ಕಟ್ಟಡ ಎದ್ದರೆ ಅಲ್ಲಿ ಬಾಳುವವರ ಆಸ್ತಿಯ ಅನುಭೋಗಕ್ಕೇ ಪೆಟ್ಟು ಬೀಳುತ್ತದೆ, ಪುರಸಭೆಗೆ ಇಲ್ಲದ ಅಧಿಕಾರ ಯಾರೋ ಸುಮ್ಮನಿದ್ದರು, ಯಾರೋ ಖರ್ಚು ಮಾಡಿದರು ಎಂಬ ಕಾರಣಕ್ಕೆ ಹುಟ್ಟುವುದಿಲ್ಲ ಎಂಬುದು ಆ ತೀರ್ಪಿನ ತಿರುಳು. ಐವತ್ತು ವರ್ಷ ದಾಟಿದ ಮಾತು. ಸಿನಿಮಾ ಮಂದಿರಕ್ಕೂ ಓಣಿಯ ಸಜ್ಜಾಕ್ಕೂ ಅಜಗಜಾಂತರವಿದೆ, ನಿಜ. ಆದರೆ ಪರವಾನಿಗೆ ಎಂಬುದು ಕೊಡುವವರ, ಪಡೆಯುವವರ ನಡುವಿನ ಖಾಸಗಿ ವ್ಯವಹಾರವಲ್ಲ, ಅದಕ್ಕೆ ತಗುಲಿ ಬದುಕುವವರೂ ಬಾಧ್ಯಸ್ಥರು ಎಂಬ ತತ್ವಕ್ಕೆ ಕಟ್ಟಡದ ಗಾತ್ರ ಲೆಕ್ಕಕ್ಕಿಲ್ಲ.

ಹಾಗಾದರೆ ನೆರೆಯವರ ಕಾಳಜಿಗಳು ಯಾವುವು? ಇಲ್ಲಿ ಸ್ವಲ್ಪ ನಿಂತು ನೋಡಬೇಕು, ಏಕೆಂದರೆ ತಕರಾರು ಅರ್ಜಿಗಳಲ್ಲಿ ಬರೆದಿರುವುದೇ ಒಂದು, ಒಳಗಿರುವುದೇ ಇನ್ನೊಂದು. ನಮ್ಮ ಕಡೆಯ ಹಳೆಯ ಮನೆಗಳು ಒಂದಕ್ಕೊಂದು ಹೆಗಲು ಕೊಟ್ಟು ನಿಂತವು. ಎರಡು ಮನೆಗೆ ಒಂದೇ ನಡುಗೋಡೆ, ಅದೂ ಕಲ್ಲು ಮಣ್ಣಿನದು, ಎರಡೂ ಕಡೆಯ ತೊಲೆಗಳು ಅದರ ಮೇಲೇ ಕೂತಿರುತ್ತವೆ. ಒಬ್ಬರು ತಮ್ಮ ಪಾಲಿನ ಮಾಳಿಗೆ ಇಳಿಸಿ ಅದೇ ಗೋಡೆಗೆ ಸ್ಲ್ಯಾಬಿನ ಭಾರ ಹೊರಿಸಿದರೆ, ಅಥವಾ ಗೋಡೆಯ ಬುಡದಲ್ಲಿ ಹೊಸ ಪಾಯ ಅಗೆದರೆ, ಆಚೆ ಮನೆಯ ಮಾಳಿಗೆ ಬಿರಿಯುತ್ತದೆ. ಎರಡನೆಯದು ನೀರು. ಮಾಳಿಗೆಯ ದೋಣಿಯಿಂದ ಬೀಳುವ ಮಳೆನೀರು, ಬಚ್ಚಲ ನೀರು ಯಾವ ಸಂದಿಯಲ್ಲಿ ಹರಿಯಬೇಕು ಎಂಬುದು ತಲೆಮಾರುಗಳ ರೂಢಿಯಲ್ಲಿ ತೀರ್ಮಾನವಾಗಿರುತ್ತದೆ. ಮನೆಯ ಮಟ್ಟ ಎರಡಡಿ ಏರಿಸಿದ ಕೂಡಲೇ ಆ ರೂಢಿ ತಲೆಕೆಳಗು. ಮೊದಲ ಜೋರು ಮಳೆಗೆ ನೀರು ತಗ್ಗಿನ ಮನೆಯ ಪಡಸಾಲೆಗೆ ನುಗ್ಗುತ್ತದೆ. ಶೌಚಾಲಯದ ಗುಂಡಿಯದೂ ಇದೇ ಕಥೆ. ಸ್ವಚ್ಛ ಭಾರತ ಯೋಜನೆಯಲ್ಲಿ 12 ಸಾವಿರ ರೂಪಾಯಿ ಪ್ರೋತ್ಸಾಹಧನ ಬಂದಾಗ ಅಂಗಳವಿಲ್ಲದ ಮನೆಗಳು ಗುಂಡಿಯನ್ನು ತೋಡಿದ್ದು ಸಿಕ್ಕ ಜಾಗದಲ್ಲಿ, ಬಹಳ ಕಡೆ ಪಕ್ಕದ ಗೋಡೆಗೆ ಅಂಟಿಕೊಂಡೇ.

ಮೂರನೆಯದು ಬೆಳಕು, ಗಾಳಿ. ನಾಲ್ಕನೆಯದನ್ನು ಅರ್ಜಿಯಲ್ಲಿ ಯಾರೂ ಬಿಡಿಸಿ ಬರೆಯುವುದಿಲ್ಲ: ಮೇಲಿನ ಖೋಲಿಯ ಕಿಟಕಿಯಿಂದ ನಮ್ಮ ಅಂಗಳ, ನಮ್ಮ ಬಚ್ಚಲು ಕಾಣುತ್ತದೆ ಎಂಬ ಸಂಕೋಚ. ಮನೆಯ ಹೆಣ್ಣುಮಕ್ಕಳು ಹೇಳುವುದು ಇದನ್ನು, ಗಂಡಸರು ಅರ್ಜಿಯಲ್ಲಿ ಬರೆಸುವುದು ‘ಅರ್ಧ ಅಡಿ ಒತ್ತುವರಿ’ ಎಂದು. ಕಾನೂನಿಗೆ ಇದು ಅರ್ಥವಾಗದ ವಿಷಯವೇನಲ್ಲ. 1882ರ ಈಸ್‌ಮೆಂಟ್ ಕಾಯ್ದೆ 15ನೇ ಪ್ರಕರಣದಲ್ಲಿ, 20 ವರ್ಷ ಅಡ್ಡಿಯಿಲ್ಲದೆ ಅನುಭವಿಸಿದ ಬೆಳಕು ಗಾಳಿಯನ್ನು ಹಕ್ಕು ಎಂದು ಒಪ್ಪುತ್ತದೆ. ಅಡ್ಡಿಯಾದ ಮೇಲೆ ಎರಡು ವರ್ಷದೊಳಗೆ ದಾವೆ ಹೂಡಬೇಕು. ತುಸು ಮಬ್ಬಾಯಿತು ಎಂದರೆ ಸಾಲದು, ಮನೆಯೊಳಗಿನ ಬದುಕಿಗೆ ಗಣನೀಯ ತೊಂದರೆಯಾಗಿರಬೇಕು. ಅದೇ ಕಾಯ್ದೆಯ 18ನೇ ಪ್ರಕರಣ ಊರ ರೂಢಿಯಿಂದ ಬರುವ ಹಕ್ಕುಗಳನ್ನು ಹೇಳುತ್ತ ಕೊಡುವ ಉದಾಹರಣೆಯೇ ಕಿಟಕಿಯದು: ನೆರೆಮನೆಯ ಮರೆಯ ಜಾಗ ಕಾಣುವಂತೆ ಹೊಸ ಕಿಟಕಿ ತೆರೆಯಬಾರದೆಂಬ ರೂಢಿ ಒಂದು ಪಟ್ಟಣದಲ್ಲಿದ್ದರೆ ಅದಕ್ಕೆ ಕಾನೂನಿನ ಬಲವಿದೆ. 1888ರಲ್ಲಿ ಅಲಹಾಬಾದ್ ಹೈಕೋರ್ಟ್ ಇಂಥದ್ದೇ ರೂಢಿಯನ್ನು ಎತ್ತಿಹಿಡಿದಿತ್ತು. ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು 2017ರಲ್ಲಿ ಹೇಳಿದರು. ಓಣಿಯ ಹೆಂಗಸರಿಗೆ ಅದು ಕಿಟಕಿಯ ಲೆಕ್ಕದಲ್ಲಿ ಮೊದಲಿನಿಂದಲೂ ಗೊತ್ತಿತ್ತು.

ಈ ನಾಲ್ಕಕ್ಕೂ ಒಂದು ಸಮಾನ ಗುಣವಿದೆ. ನಕ್ಷೆಯ ಹಂತದಲ್ಲಿ ಇವುಗಳಿಗೆ ಪರಿಹಾರ ಅಗ್ಗ, ಗೋಡೆ ಎದ್ದ ಮೇಲೆ ದುಬಾರಿ. ಕಿಟಕಿಯನ್ನು ಎದೆಮಟ್ಟದಿಂದ ತಲೆಮಟ್ಟಕ್ಕೆ ಏರಿಸಲು ಕಾಗದದ ಮೇಲೆ ಖರ್ಚಿಲ್ಲ. ಸ್ಲ್ಯಾಬಿನ ಇಳಿಜಾರನ್ನು ಓಣಿಯ ಕಡೆಗೆ ತಿರುಗಿಸಲು, ನಡುಗೋಡೆಗೆ ಭಾರ ಹೊರಿಸದೆ ತನ್ನ ಬದಿಯಲ್ಲಿ ಕಾಲಮ್ ಎಬ್ಬಿಸಲು, ಗುಂಡಿಯನ್ನು ನಾಲ್ಕಡಿ ಸರಿಸಲು ಮೇಸ್ತ್ರಿಗೆ ಮೊದಲೇ ಹೇಳಿದರೆ ಸಾಕು. ಅದೇ ಮಾತು ಸೆಂಟ್ರಿಂಗ್ ಬಿಚ್ಚಿದ ಮೇಲೆ ಬಂದರೆ ಒಬ್ಬರ ಉಳಿತಾಯ ಮುಳುಗುತ್ತದೆ, ಇಲ್ಲವೇ ಇನ್ನೊಬ್ಬರು ಬಾಳಿನುದ್ದಕ್ಕೂ ಸಹಿಸಬೇಕಾಗುತ್ತದೆ. ನಮ್ಮ ವ್ಯವಸ್ಥೆ ಮಾತುಕತೆಯನ್ನು ಪ್ರತಿಸಲವೂ ಎರಡನೆಯ ಹಂತಕ್ಕೆ ದೂಡುತ್ತಿದೆ.

ಯಾದಗಿರಿ ಜಿಲ್ಲೆಗೆ ಇದರ ಮೇಲೆ ಇನ್ನೊಂದು ತೊಡಕಿದೆ. ಅದು ಗುಳೆ. ಸುರಪುರ, ಹುಣಸಗಿ, ಶಹಾಪುರದ ಹಳ್ಳಿ ತಾಂಡಾಗಳಿಂದ ಸುಗ್ಗಿ ಮುಗಿದ ಮೇಲೆ ಕುಟುಂಬಗಳು ಬೀಗ ಹಾಕಿ ದುಡಿಯಲು ಹೋಗುತ್ತವೆ, ಬಿತ್ತನೆಯ ಹೊತ್ತಿಗೆ ಮರಳುತ್ತವೆ. ಮನೆ ಕಟ್ಟುವ ಹಂಗಾಮೂ ಅದೇ, ಬೇಸಿಗೆ. ಅಂದರೆ ಒಬ್ಬರು ಕಟ್ಟುವ ತಿಂಗಳುಗಳಲ್ಲೇ ಇನ್ನೊಬ್ಬರ ಮನೆಗೆ ಬೀಗ. ಬಾಜು ಮನೆಯವರು ಮೇ ತಿಂಗಳ ಕೊನೆಗೆ ಬಂದು ನೋಡಿದರೆ ಸಂದಿ ಮುಚ್ಚಿದೆ, ನಡುಗೋಡೆಯ ಮೇಲೆ ಸ್ಲ್ಯಾಬ್ ಕೂತಿದೆ, ಬೆಳಕಿಂಡಿಗೆ ಇಟ್ಟಿಗೆ ಅಡ್ಡ ಬಂದಿದೆ. ಕೇಳಿದರೆ ‘ಕಟ್ಟುವಾಗ ಯಾರೂ ಬೇಡ ಅನ್ನಲಿಲ್ಲ’ ಎಂಬ ಉತ್ತರ. ಸುಮ್ಮನಿದ್ದದ್ದನ್ನು ಸಮ್ಮತಿ ಎಂದು ಎಣಿಸುವ ಯಾವ ನಿಯಮವಾದರೂ ಈ ಜಿಲ್ಲೆಯಲ್ಲಿ ಊರು ಬಿಟ್ಟವರಿಗೆ ವಿರುದ್ಧವಾಗಿಯೇ ಕೆಲಸ ಮಾಡುತ್ತದೆ. ಹಾಗೆ ಊರು ಬಿಡುವವರಲ್ಲಿ ಹೆಚ್ಚಿನವರು ಭೂಮಿ ಇಲ್ಲದವರು, ದಲಿತರು, ಲಂಬಾಣಿಗಳು.

ಗಡಿಯ ಪ್ರಶ್ನೆಯನ್ನು ಇಲ್ಲಿ ಬೇರ್ಪಡಿಸಿ ಇಡುವುದು ಒಳ್ಳೆಯದು. ಉತಾರದಲ್ಲಿ ಹೆಸರಿದೆ, ಇ-ಸ್ವತ್ತಿನಲ್ಲಿ ನಮೂನೆ 9 ಬಂದಿದೆ ಎಂದರೆ ಮಾಲಿಕತ್ವ ತೀರ್ಮಾನವಾಯಿತು ಎಂಬ ನಂಬಿಕೆ ಗಟ್ಟಿಯಾಗಿದೆ. ಅವು ತೆರಿಗೆಯ, ದಾಖಲೆಯ ಕಾಗದಗಳು. ಜಾಗ ಯಾರದು ಎಂದು ಹೇಳುವುದು ಸಿವಿಲ್ ಕೋರ್ಟಿನ ಕೆಲಸ, ಪಂಚಾಯಿತಿಯದಲ್ಲ. 2020ರ ಏಪ್ರಿಲ್ 24ರಂದು ಶುರುವಾದ ಸ್ವಾಮಿತ್ವ ಯೋಜನೆ ಡ್ರೋನ್ ಹಾರಿಸಿ ಗ್ರಾಮಠಾಣದ ಮನೆಗಳ ನಕ್ಷೆ ಮಾಡುತ್ತಿದೆ. ಹಾರಿಸುವ ಮೊದಲು ಆಸ್ತಿಯ ಅಂಚಿಗೆ ಸುಣ್ಣದ ಗೆರೆ ಎಳೆಸುವ ಕ್ರಮವೂ ಇದೆ. ಆದರೆ ಮೇಲಿನಿಂದ ಕಾಣುವುದು ಮಾಳಿಗೆ, ಮಾಳಿಗೆಯ ಕೆಳಗಿನ ನಡುಗೋಡೆ ಯಾರ ಪಾಲಿನದು ಎಂಬುದಲ್ಲ. ಇಂಚಿನ ಜಗಳಗಳನ್ನು ಆ ನಕ್ಷೆ ಕಡಿಮೆ ಮಾಡಬಹುದು. ನೀರು, ಕಿಟಕಿ, ಭಾರದ ಜಗಳಗಳಿಗೆ ಅದರಲ್ಲಿ ಉತ್ತರವಿಲ್ಲ, ಏಕೆಂದರೆ ಅವು ಗಡಿಯ ಜಗಳಗಳೇ ಅಲ್ಲ. ತನ್ನ ಜಾಗದಲ್ಲೇ ಕಟ್ಟಿಕೊಂಡೂ ಪಕ್ಕದವರಿಗೆ ತೊಂದರೆ ಕೊಡಬಹುದು.

ಇದಕ್ಕೆ ಊರುಗಳಲ್ಲಿ, ಪಟ್ಟಣಗಳಲ್ಲಿ ಕಂಡುಕೊಂಡ ಒಂದು ದಾರಿಯಿದೆ. ಅಕ್ಕಪಕ್ಕದವರಿಂದ ‘ನಮ್ಮದೇನೂ ತಕರಾರಿಲ್ಲ’ ಎಂದು ಸಹಿ ಮಾಡಿಸಿಕೊಂಡು ಬಾ, ಆಮೇಲೆ ಪರವಾನಿಗೆ ನೋಡೋಣ ಎನ್ನುವುದು. ಕಚೇರಿಗೆ ಇದು ಸುಲಭ, ಜವಾಬ್ದಾರಿ ಕೈದಾಟುತ್ತದೆ. ಆದರೆ ಇದಕ್ಕಿಂತ ಕೆಟ್ಟ ಪದ್ಧತಿ ಇನ್ನೊಂದಿಲ್ಲ. ಸಹಿ ಎಂದರೆ ತಡೆಯುವ ಅಧಿಕಾರ. ಕಾನೂನು ಪಂಚಾಯಿತಿಗೆ ಕೊಟ್ಟ ಅಧಿಕಾರವನ್ನು ಪಂಚಾಯಿತಿ ಪಕ್ಕದ ಮನೆಯ ಯಜಮಾನನಿಗೆ ಬರೆದುಕೊಟ್ಟಂತೆ. ಹಳೆಯ ಸಾಲ, ಮುರಿದ ಮದುವೆ ಮಾತು, ಚುನಾವಣೆಯಲ್ಲಿ ಹಾಕದ ಓಟು ಎಲ್ಲವೂ ಆ ಸಹಿಗೆ ಬೆಲೆಯಾಗುತ್ತವೆ. ಮೇಲ್ಜಾತಿಯ ಓಣಿಯ ಅಂಚಿನಲ್ಲಿ ದಲಿತ ಕುಟುಂಬವೊಂದು ಎರಡನೇ ಅಂತಸ್ತು ಏರಿಸಹೊರಟರೆ ಆ ಸಹಿ ಸಿಗುವುದು ಎಷ್ಟು ಸಲೀಸು ಎಂದು ಯಾರಿಗೂ ವಿವರಿಸಬೇಕಿಲ್ಲ. ಹೀಗಾಗಿ ನೆರೆಯವರಿಗೆ ಸಿಗಬೇಕಾದ್ದು ಬೇಡ ಎನ್ನುವ ಹಕ್ಕಲ್ಲ. ಮುಂಚಿತವಾಗಿ ತಿಳಿಯುವ ಹಕ್ಕು, ಗೊತ್ತಾದ ಅವಧಿಯೊಳಗೆ ಗೊತ್ತಾದ ಕಾರಣಗಳ ಮೇಲೆ ಹೇಳಿಕೊಳ್ಳುವ ಹಕ್ಕು, ಬರಹದಲ್ಲಿ ಉತ್ತರ ಪಡೆಯುವ ಹಕ್ಕು.

ಕ್ರಮ ಹೀಗಿರಬಹುದು. ಅರ್ಜಿ ಬಂದ ವಾರದೊಳಗೆ ಪಂಚಾಯಿತಿ ಒಂದು ಪುಟದ ನೋಟಿಸನ್ನು ಗೋಡೆಗೆ ಗೋಡೆ ತಾಗುವ ಮನೆಗಳಿಗೆ, ಎದುರು ಮನೆಗೆ ಕೊಡಲಿ. ಬೀಗವಿದ್ದರೆ ಬಾಗಿಲಿಗೆ ಅಂಟಿಸಲಿ, ಜೊತೆಗೆ ದಾಖಲೆಯಲ್ಲಿರುವ ಮೊಬೈಲ್ ಸಂಖ್ಯೆಗೆ ನೋಟಿಸಿನ, ನಕ್ಷೆಯ ಚಿತ್ರ ಕಳಿಸಲಿ. ಪುಣೆಯ ಕಟ್ಟಡದ ಕೆಲಸದಲ್ಲಿರುವವನಿಗೂ ಫೋನು ಇದೆ. 15 ದಿನದೊಳಗೆ ತಕರಾರು ಬರಬೇಕು, ಅದೂ ನಾಲ್ಕು ಬಾಬತ್ತುಗಳಲ್ಲಿ ಮಾತ್ರ: ನಡುಗೋಡೆ ಮತ್ತು ಪಾಯದ ಭದ್ರತೆ, ನೀರು ಮತ್ತು ಗುಂಡಿ, ಬೆಳಕು ಗಾಳಿ ಕಿಟಕಿ, ಸಾರ್ವಜನಿಕ ಓಣಿಯ ಒತ್ತುವರಿ. ‘ನಮಗಿಂತ ಎತ್ತರವಾಗುತ್ತದೆ’, ‘ನಮ್ಮ ಮನೆಗೆ ಶಕುನವಲ್ಲ’ ಎಂಬಂಥ ತಕರಾರನ್ನು ಸ್ವೀಕರಿಸಲೇಬಾರದು. ತಕರಾರು ಬಂದರೆ ಎಂಜಿನಿಯರ್ ಒಮ್ಮೆ ಜಾಗ ನೋಡಿ ನಾಲ್ಕು ಸಾಲು ಬರೆಯಲಿ, ಪಂಚಾಯಿತಿ ಕಾರಣ ಸಹಿತ ಆದೇಶ ಕೊಡಲಿ. ತಕರಾರು ಬಾರದಿದ್ದರೆ ಪರವಾನಿಗೆ ಕೂಡಲೇ. ಇಷ್ಟೆಲ್ಲ ಆದರೂ ಈಗಿರುವ 60 ದಿನದ ಒಳಗೇ ಮುಗಿಯುತ್ತದೆ. ಪಂಚಾಯಿತಿಗಳಿಗೆ ಉಪವಿಧಿ ಮಾಡಿಕೊಳ್ಳುವ ಅಧಿಕಾರ ಕಾಯ್ದೆಯಲ್ಲೇ ಇದೆ, ವಿಧಾನಸೌಧದ ಕಡೆ ಬಾಯಿಬಿಟ್ಟು ಕೂರಬೇಕಾಗಿಲ್ಲ.

ಇದು ತೀರ ಹೊಸ ಕಲ್ಪನೆಯೂ ಅಲ್ಲ. ಇಂಗ್ಲೆಂಡ್ ಮತ್ತು ವೇಲ್ಸಿನಲ್ಲಿ ನಡುಗೋಡೆಗೆಂದೇ 1996ರ ಒಂದು ಕಾಯ್ದೆಯಿದೆ. ಹಂಚಿಕೊಂಡ ಗೋಡೆಯ ಮೇಲೆ ಕೆಲಸ ಮಾಡುವವರು ಎರಡು ತಿಂಗಳು ಮೊದಲು ಪಕ್ಕದವರಿಗೆ ಲಿಖಿತ ನೋಟಿಸ್ ಕೊಡಬೇಕು. 14 ದಿನದಲ್ಲಿ ಒಪ್ಪಿಗೆ ಬಾರದಿದ್ದರೆ ಅದನ್ನು ವಿವಾದ ಎಂದು ಎಣಿಸಿ ಸರ್ವೇಯರುಗಳು ಕೆಲಸದ ರೀತಿ, ವೇಳೆ, ಹಾನಿಯ ಪರಿಹಾರ ನಿಗದಿ ಮಾಡುತ್ತಾರೆ. ಗಮನಿಸಬೇಕಾದ್ದು ಅಲ್ಲಿ ನೆರೆಯವರ ಮೌನವನ್ನು ಸಮ್ಮತಿ ಎನ್ನುವುದಿಲ್ಲ. ಅವರ ಅಸಮ್ಮತಿಯಿಂದ ಕೆಲಸ ನಿಂತೂ ಹೋಗುವುದಿಲ್ಲ. ಆದರೆ ಅದನ್ನು ಹಾಗೇ ಎತ್ತಿ ತರಲಾಗದು. ಅಲ್ಲಿ ಸರ್ವೇಯರುಗಳ ಶುಲ್ಕವನ್ನು ಸಾಮಾನ್ಯವಾಗಿ ಕಟ್ಟಿಸುವವರೇ ಕೊಡುತ್ತಾರೆ. ನಮ್ಮಲ್ಲಿ ಎರಡು ಖೋಲಿ ಮನೆಗೆ ಆ ಖರ್ಚು ಹೊರಿಸಿದರೆ ಕಟ್ಟುವ ಆಸೆಯೇ ಬತ್ತುತ್ತದೆ. ಎಂಜಿನಿಯರ್ ಭೇಟಿಯನ್ನು ಪಂಚಾಯಿತಿಯೇ ಹೊರಬೇಕು, ಪರವಾನಿಗೆ ಶುಲ್ಕ ಪಡೆಯುವುದು ಮತ್ತೇತಕ್ಕೆ?

ಬಲವಾದ ಆಕ್ಷೇಪ ಬಡವರ ಕಡೆಯಿಂದ ಬರುತ್ತದೆ. ಪ್ರಧಾನಮಂತ್ರಿ ಆವಾಸ್ ಯೋಜನೆಯ ಗ್ರಾಮೀಣ ಮನೆಗೆ ಬಯಲು ಸೀಮೆಯಲ್ಲಿ 1.20 ಲಕ್ಷ ರೂಪಾಯಿ ನೆರವು ನಿಗದಿಯಾಗಿತ್ತು. ಮನೆಯ ಕನಿಷ್ಠ ಅಳತೆ 25 ಚದರ ಮೀಟರ್. ಕಂತುಗಳು ಹಂತ ಹಂತವಾಗಿ, ಕೆಲಸದ ಫೋಟೊ ನೋಡಿ ಬಿಡುಗಡೆಯಾಗುತ್ತವೆ. ರಾಜ್ಯದ ಬಸವ ವಸತಿ ಯೋಜನೆಯೂ ಹಂತದ ಲೆಕ್ಕದಲ್ಲೇ ನಡೆಯುತ್ತದೆ. ಇಂಥವರಿಗೆ 15 ದಿನದ ಕಾಯುವಿಕೆ, ತಕರಾರಿಗೆ ಅವಕಾಶ ಎಂದರೆ ಇನ್ನೊಂದು ಕಾಟವಲ್ಲವೇ? ಈಗಿನ ಸ್ಥಿತಿಯನ್ನು ಎದುರಿಗಿಟ್ಟು ನೋಡಬೇಕು. ತಕರಾರು ಈಗಲೂ ಬರುತ್ತದೆ. ಆದರೆ ಹಳೆಯ ಮನೆ ಕೆಡವಿ, ಮೊದಲ ಕಂತು ಪಾಯಕ್ಕೆ ಸುರಿದು, ಕುಟುಂಬ ತಗಡಿನ ಕೆಳಗೆ ಬಿಡಾರ ಹೂಡಿದ ಮೇಲೆ ಬರುತ್ತದೆ. ಆಗ ತಡೆಯಾಜ್ಞೆ ಸಿಕ್ಕರೆ ಗೋಡೆ ನಿಲ್ಲುತ್ತದೆ, ಗೋಡೆ ನಿಂತರೆ ಕಂತು ನಿಲ್ಲುತ್ತದೆ. ಕೆಡವುವ ಮೊದಲಿನ ಹದಿನೈದು ದಿನ, ಕೆಡವಿದ ಮೇಲಿನ ಹದಿನೈದು ತಿಂಗಳಿಗಿಂತ ಬಡವನಿಗೆ ಹಗುರ. ಅದಕ್ಕಿಂತ ಮುಖ್ಯವಾಗಿ, ನೋಟಿಸ್ ಪಡೆದೂ ಸುಮ್ಮನಿದ್ದವರು ಆಮೇಲೆ ಕೋರ್ಟಿಗೆ ಓಡಿದರೆ, ಮೊದಲೇ ಏಕೆ ಹೇಳಲಿಲ್ಲ ಎಂಬ ಪ್ರಶ್ನೆಗೆ ಅವರು ಉತ್ತರಿಸಬೇಕಾಗುತ್ತದೆ. ತಡೆಯಾಜ್ಞೆ ಎಂಬುದು ನ್ಯಾಯಾಧೀಶರ ವಿವೇಚನೆಗೆ ಬಿಟ್ಟ ಪರಿಹಾರ, ತಡಮಾಡಿದವರಿಗೆ ಅದು ಸುಲಭದಲ್ಲಿ ಸಿಗುವುದಿಲ್ಲ. ಅಂದರೆ ನೋಟಿಸು ಕಟ್ಟುವವನಿಗೂ ಗುರಾಣಿ.

ಪಂಚಾಯಿತಿಯಲ್ಲೇ ಬಣಗಳಿವೆ, ಸದಸ್ಯರು ತಮ್ಮವರ ಪರ ಆದೇಶ ಬರೆಸುತ್ತಾರೆ ಎಂಬುದು ಇನ್ನೊಂದು ಮಾತು. ಬರೆಸಲಿ. ಬರೆದದ್ದನ್ನು ಪ್ರಶ್ನಿಸಬಹುದು, ಮೇಲ್ಮನವಿಗೆ ಒಯ್ಯಬಹುದು. ಈಗ ನಡೆಯುತ್ತಿರುವುದು ಬರೆಯದ ಪಕ್ಷಪಾತ, ಅದಕ್ಕೆ ಮೇಲ್ಮನವಿಯೇ ಇಲ್ಲ. ಊರ ಹಿರಿಯರು, ದೈವದವರು ಕೂತು ಇಂಥದ್ದನ್ನೆಲ್ಲ ಬಗೆಹರಿಸುತ್ತಿದ್ದರಲ್ಲ ಎನ್ನುವವರೂ ಇದ್ದಾರೆ. ಹಿಂದೂ ಮುಸ್ಲಿಮರಿಬ್ಬರೂ ನಡೆದುಕೊಳ್ಳುವ ಕೊಡೇಕಲ್ ಬಸವಣ್ಣನ ಊರಿನಲ್ಲಿ ಕೂಡಿ ಬಾಳುವ ಬುದ್ಧಿಗೆ ಬರವಿಲ್ಲ, ನಡುಗೋಡೆಯ ಬಗ್ಗೆ ಹಿರಿಯರಿಗೆ ಇರುವ ತಿಳಿವಳಿಕೆ ಎಂಜಿನಿಯರಿಗೆ ಇರಲಾರದು ಎಂಬುದೂ ಸರಿ. ಆದರೆ ಕಟ್ಟೆಯ ಮೇಲಿನ ಆ ಪಂಚಾಯಿತಿಯಲ್ಲಿ ಬಚ್ಚಲ ಕಿಟಕಿಯ ಬಗ್ಗೆ ಮಾತಾಡಲು ಹೆಣ್ಣುಮಗಳಿಗೆ ಜಾಗವಿರಲಿಲ್ಲ, ತೀರ್ಪು ಬಾಯಿಮಾತಿನಲ್ಲೇ ಉಳಿದು ಮುಂದಿನ ತಲೆಮಾರಿಗೆ ಮತ್ತೆ ಜಗಳವಾಗುತ್ತಿತ್ತು. ಹಿರಿಯರು ಕೂತು ಒಪ್ಪಿಸಿದ್ದನ್ನು ಪಂಚಾಯಿತಿ ಕಡತದಲ್ಲಿ ಬರೆದು ಇಬ್ಬರ ಸಹಿ ಹಾಕಿಸಿ ಪರವಾನಿಗೆಯ ಷರತ್ತಾಗಿಸಿದರೆ ಅವರ ಮಾತಿಗೇ ಬೆಲೆ ಹೆಚ್ಚುತ್ತದೆ.

ಸುಪ್ರೀಂ ಕೋರ್ಟಿನ ಎರಡು ಈಚಿನ ತೀರ್ಪುಗಳನ್ನು ಅಕ್ಕಪಕ್ಕ ಇಟ್ಟರೆ ಕೊರತೆ ಎಲ್ಲಿದೆ ಎಂದು ಕಾಣುತ್ತದೆ. 2024ರ ನವೆಂಬರ್ 13ರಂದು ಅದು, ಅನಧಿಕೃತ ಎನ್ನಲಾದ ಕಟ್ಟಡವನ್ನು ಕೆಡವುವ ಮೊದಲು ಮಾಲಿಕರಿಗೆ ಕನಿಷ್ಠ 15 ದಿನದ ನೋಟಿಸ್ ಕೊಡಲೇಬೇಕೆಂದಿತು. ರಸ್ತೆಯಂಥ ಸಾರ್ವಜನಿಕ ಜಾಗದ ಒತ್ತುವರಿಗೆ, ಕೋರ್ಟೇ ಆದೇಶಿಸಿದ ತೆರವಿಗೆ ಮಾತ್ರ ವಿನಾಯಿತಿ. ಅದೇ ವರ್ಷದ ಡಿಸೆಂಬರ್ 17ರಂದು ಮೀರತ್‌ನ ಪ್ರಕರಣವೊಂದರಲ್ಲಿ, ಮಂಜೂರಾದ ನಕ್ಷೆಯನ್ನು ಕಟ್ಟುವ ಜಾಗದಲ್ಲೇ ಎಲ್ಲರಿಗೂ ಕಾಣುವಂತೆ ಹಾಕಬೇಕೆಂದಿತು. ಮೊದಲನೆಯದು ಕೆಡವುವ ಮುಂಚಿನ ನ್ಯಾಯ, ಎರಡನೆಯದು ಮಂಜೂರಾದ ಮೇಲಿನ ಪಾರದರ್ಶಕತೆ. ಅರ್ಜಿ ಬಂದ ದಿನದಿಂದ ಮಂಜೂರಾಗುವ ದಿನದವರೆಗಿನ ಎರಡು ತಿಂಗಳು ಹಾಗೇ ಖಾಲಿ ಉಳಿದಿವೆ. ಬಾಪೂಜಿ ಸೇವಾ ಕೇಂದ್ರದಲ್ಲಿ ಅರ್ಜಿ ಪಡೆಯುವ ಕಂಪ್ಯೂಟರೇ ಪಕ್ಕದ ಮನೆಗಳ ಸಂಖ್ಯೆ ಕೇಳಿ ನೋಟಿಸ್ ಮುದ್ರಿಸುವಂತೆ ಮಾಡಬಹುದು. ಬರುವ ಬೇಸಿಗೆಯ ಕಟ್ಟಡದ ಹಂಗಾಮಿಗೆ ಮೊದಲು, ಜನ ಇನ್ನೂ ಗುಳೆ ಹೋಗದಿರುವಾಗ, ಕೊಡೇಕಲ್ ಹೋಬಳಿಯ ಗ್ರಾಮಸಭೆಗಳು ಇದನ್ನು ಚರ್ಚೆಗೆ ತೆಗೆದುಕೊಳ್ಳಲಿ. ಹಾಗೆಯೇ ಊರು ಬಿಡುವ ಪ್ರತಿ ಕುಟುಂಬದ ಫೋನ್ ಸಂಖ್ಯೆಯನ್ನು ಮನೆ ಸಂಖ್ಯೆಯ ಎದುರು ಬರೆದುಕೊಳ್ಳುವ ಕೆಲಸವನ್ನು ಬಿಲ್ ಕಲೆಕ್ಟರ್ ಈಗಿನಿಂದಲೇ ಶುರು ಮಾಡಬಹುದು.